ಬಕರಾಯನ ಒಂಬತ್ತು ಸೆಕೆಂಡು

ಕಾಡುಪ್ರಾಣಿಗಳ ಸಾಕ್ಷ್ಯಚಿತ್ರ ತೆಗೆಯುವವರ ಬಳಗದಲ್ಲಿ ಅವನನ್ನು ಹೆಸರು ಹಿಡಿದು ಕರೆದವರೇ ಇಲ್ಲ. ಎಲ್ಲರಿಗೂ ಅವನು ಬಕರಾಯ. ಬಕಪಕ್ಷಿಯ ಹಾಗೆ ಮೊಣಕಾಲುದ್ದ ನೀರಿನಲ್ಲಿ ಆರು ಗಂಟೆ ಅಲ್ಲಾಡದೆ ನಿಲ್ಲುತ್ತಾನೆಂದು ಸೌಂಡ್ ರೆಕಾರ್ಡ್ ಮಾಡುವವನೊಬ್ಬ ತಮಾಷೆಗೆ ಇಟ್ಟ ಹೆಸರು, ಮೂವತ್ತೈದು ವರ್ಷವಾದರೂ ಬಿಟ್ಟಿರಲಿಲ್ಲ. ಸೊಳ್ಳೆ ಮೂಗಿನ ತುದಿಯ ಮೇಲೆ ಕೂತು ಹೊಟ್ಟೆ ತುಂಬ ರಕ್ತ ಕುಡಿದು ಹೋದರೂ ಅವನು ಕೈ ಎತ್ತುತ್ತಿರಲಿಲ್ಲ ಎಂಬುದು ನಿಜ. ಅಂಥವನಿಗೆ ಹಾಲು ಉಕ್ಕದ ಹಾಗೆ ನೋಡಿಕೊಂಡು ಎರಡು ನಿಮಿಷ ಒಲೆಯ ಮುಂದೆ ನಿಲ್ಲಲು ಆಗುವುದಿಲ್ಲ ಎಂದು ಹೆಂಡತಿ ಗೊಣಗುತ್ತಿದ್ದಳು. ಅದೂ ನಿಜವೇ.

ಅರವತ್ತೆರಡು ತುಂಬಿದ ವರ್ಷ ಚಿತ್ರಸಂಸ್ಥೆಯವರು ಅವನಿಗೊಂದು ಸನ್ಮಾನ ಮಾಡಲು ಹೊರಟರು. ಸಭೆಯಲ್ಲಿ ತೋರಿಸಲು ಅವನ ಜೀವಮಾನದ ಕೆಲಸದಿಂದ ಆಯ್ದ ಇಪ್ಪತ್ತು ನಿಮಿಷದ ಚಿತ್ರ ಬೇಕಿತ್ತು. ಅದನ್ನು ಜೋಡಿಸುವ ಕೆಲಸ ಒಬ್ಬ ಎಡಿಟರ್ ಪಾಲಿಗೆ ಬಂತು. ಒಂದು ಕಾಲಕ್ಕೆ ಅವನ ಹತ್ತಿರವೇ ಪಾಠ ಹೇಳಿಸಿಕೊಂಡ ಹೆಂಗಸು, ಈಗ ಅವಳ ತಲೆಯಲ್ಲೇ ಬಿಳಿಕೂದಲು ಇಣುಕುತ್ತಿತ್ತು. ಕಿಟಕಿಯಿಲ್ಲದ ಕೋಣೆ, ಎರಡು ಪರದೆ, ಮೈ ಕೊರೆಯುವ ಏಸಿ. ಅವಳು ಸ್ವೆಟರ್ ಹಾಕಿಕೊಂಡು, ಅವನು ಕೈಗಳನ್ನು ಕಂಕುಳಲ್ಲಿ ಹುದುಗಿಸಿಕೊಂಡು ಮೂರು ದಿನ ಕೂತರು. ತಾನು ತೆಗೆದ ಹದ್ದು, ತಾನು ತೆಗೆದ ಕರಡಿ, ತಾನು ತೆಗೆದ ಆಮೆಗಳನ್ನು ನೋಡುತ್ತಾ ಬಕರಾಯ ಒಳಗೊಳಗೇ ಉಬ್ಬಿದ. ಸುಳ್ಳೇಕೆ ಹೇಳಬೇಕು, ಹೊಗಳಿಕೆ ಅಂದರೆ ಅವನಿಗೆ ಮೊದಲಿಂದಲೂ ಪ್ರಾಣ.

ನಾಲ್ಕನೆಯ ದಿನ ನೀರುನಾಯಿಯ ಷಾಟ್ ಬಂತು. ಬೆಳಗಿನ ಮಂಜು, ನದಿಯ ತಿರುವು. ತಾಯಿ ನೀರುನಾಯಿ ತನ್ನ ಮರಿಯ ಕುತ್ತಿಗೆಯನ್ನು ಮೆಲ್ಲಗೆ ಕಚ್ಚಿಕೊಂಡು ಎಡದಿಂದ ಬಲಕ್ಕೆ ಈಜಿಕೊಂಡು ಬರುತ್ತದೆ. ಅದರ ಹಿಂದೆ ಮಂಜು ಸರಿದು, ಮುರಿದ ಹಳೆಯ ಸೇತುವೆಯ ಮೂರು ಕಂಬಗಳು ಬಿಸಿಲಿಗೆ ಹೊಂಬಣ್ಣ ತಾಳಿ ಕಾಣಿಸುತ್ತವೆ. ನಡುವಿನ ಕಂಬ ಒಂದು ಪಕ್ಕಕ್ಕೆ ವಾಲಿದೆ. ಒಟ್ಟು ಒಂಬತ್ತು ಸೆಕೆಂಡು. ಅವನಿಗೆ ಛಾಯಾಗ್ರಹಣದ ದೊಡ್ಡ ಪ್ರಶಸ್ತಿ ಬಂದದ್ದು ಈ ಒಂಬತ್ತು ಸೆಕೆಂಡಿಗೇ ಎಂದು ಬಳಗದಲ್ಲಿ ಎಲ್ಲರೂ ಹೇಳುತ್ತಿದ್ದರು.

ಎಡಿಟರ್ ಚಿತ್ರವನ್ನು ಅಲ್ಲಿಗೇ ನಿಲ್ಲಿಸಿದಳು. "ಸಾರ್, ಒಂದು ಕೇಳಲಾ? ಬೇಜಾರು ಮಾಡ್ಕೋಬೇಡಿ."

"ಕೇಳಮ್ಮ."

"ನೀವು ನಮಗೆ ಮೊದಲನೇ ದಿನವೇ ಹೇಳ್ಕೊಟ್ಟಿದ್ರಿ. ಗೂಡು, ಮರಿ ತೋರಿಸೋವಾಗ ದಿಗಂತ ತೋರಿಸಬೇಡಿ, ಬೆಟ್ಟ, ಗೋಪುರ, ಸೇತುವೆ, ಅಲುಗಾಡದೆ ನಿಂತಿರೋದು ಏನೂ ಫ್ರೇಮಲ್ಲಿ ಇರಬಾರದು, ನೋಡಿದವರು ಜಾಗ ಹುಡುಕ್ಕೊಂಡು ಬಂದುಬಿಡ್ತಾರೆ ಅಂತ. ಮತ್ತೆ ಇದರಲ್ಲಿ ಸೇತುವೆ ಇಷ್ಟು ಚೆನ್ನಾಗಿ ಕಾಣ್ತಿದೆಯಲ್ಲ?"

ಬಕರಾಯ ಪರದೆಯಿಂದ ಕಣ್ಣು ಸರಿಸಿದ. "ಅದು ಹೇಗೋ ಬಂದುಬಿಡ್ತು," ಎಂದ.

"ಹೋಗಲಿ ಬಿಡಿ ಸಾರ್," ಎಂದು ಅವಳು ನಕ್ಕಳು. "ಅದರಿಂದ ಯಾರಿಗೇನು ನಷ್ಟ ಆಯ್ತು?"

ಅವಳು ಮಾತಿಗೆ ಅಂದದ್ದು, ಪಾಪ. ಅವನಿಗೆ ಮಾತ್ರ ಕೂತಲ್ಲಿ ಕೂರಲಾಗಲಿಲ್ಲ. ಈಗ ಬಂದೆ ಅಂತ ಹೇಳಿ ಹೊರಗೆ ಹೋಗಿ, ಕಾರಿಡಾರಿನಲ್ಲಿ ನೀರಿನ ಫಿಲ್ಟರ್ ಪಕ್ಕ ಗೋಡೆಗೆ ಒರಗಿ ನಿಂತ. ಯಾರಿಗೇನು ನಷ್ಟ ಆಯ್ತು ಅನ್ನುವುದು ಈ ಭೂಮಿಯ ಮೇಲೆ ಚೆನ್ನಾಗಿ ಗೊತ್ತಿದ್ದವನು ಅವನೊಬ್ಬನೇ.

ಹನ್ನೆರಡು ವರ್ಷದ ಹಿಂದೆ ಆ ನದಿಗೆ ಅವನನ್ನು ಕರೆದುಕೊಂಡು ಹೋದವಳು ದೋಣಿ ದಾಟಿಸುವ ಹೆಂಗಸು. ವಯಸ್ಸಿನಲ್ಲಿ ಅವನಿಗಿಂತ ಆರು ವರ್ಷ ದೊಡ್ಡವಳು, ಆಳು ಮಾತ್ರ ಗಟ್ಟಿಮುಟ್ಟು. ಬಾಯಿ ಇನ್ನೂ ಗಟ್ಟಿ. ಅವಳನ್ನು ಎಲ್ಲರೂ ದೋಣಿ ಅಕ್ಕ ಎನ್ನುತ್ತಿದ್ದರು, ಬಕರಾಯನೂ ಅಕ್ಕ ಎಂದ. ನದಿಯ ತಿರುವಿನಲ್ಲಿ, ಬಿದ್ದ ಮರದ ಬೇರಿನ ಕೆಳಗೆ ನೀರುನಾಯಿಯ ಬಿಲವಿರುವುದು ಇಪ್ಪತ್ತು ವರ್ಷದಿಂದ ಅವಳಿಗೂ ಅವಳ ತಮ್ಮನಿಗೂ ಮಾತ್ರ ಗೊತ್ತಿತ್ತು. ತಮ್ಮ ರೈಲ್ವೆ ಸ್ಟೇಷನ್ನಿನಿಂದ ದೋಣಿ ಕಡವಿಗೆ ಪ್ರಯಾಣಿಕರನ್ನು ತರುವ ವ್ಯಾನ್ ಓಡಿಸುತ್ತಿದ್ದ. ಬೆಳಗಿಂದ ಸಂಜೆವರೆಗೆ ಬಾಯಿಗೆ ಬಿಡುವಿಲ್ಲದ ಆಸಾಮಿ. ಅವನ ವ್ಯಾನ್ ಹತ್ತಿದವರಿಗೆ ಇಳಿಯುವ ಹೊತ್ತಿಗೆ ಊರವರ ಪುರಾಣವೆಲ್ಲ ಬಾಯಿಪಾಠ ಆಗಿರುತ್ತಿತ್ತು. ಆದರೂ ನೀರುನಾಯಿಯ ವಿಷಯದಲ್ಲಿ ಮಾತ್ರ ಅವನು ತುಟಿ ಪಿಟಕ್ಕೆನ್ನುತ್ತಿರಲಿಲ್ಲ.

"ನನಗೀಗ ಇಬ್ಬರು ತಮ್ಮಂದಿರು," ಎಂದು ದೋಣಿ ಅಕ್ಕ ಹೇಳಿದ್ದಳು. "ಒಬ್ಬ ವ್ಯಾನ್ ತಮ್ಮ, ಒಬ್ಬ ಕ್ಯಾಮೆರಾ ತಮ್ಮ. ನೋಡಪ್ಪಾ ಕ್ಯಾಮೆರಾ ತಮ್ಮ, ಇದು ಎಲ್ಲಿ ಅಂತ ಒಂದು ನರಪಿಳ್ಳೆಗೂ ಗೊತ್ತಾಗಬಾರದು. ಗೊತ್ತಾಯ್ತು ಅಂದ್ರೆ ನಿನ್ನನ್ನೂ ನಿನ್ನ ಕ್ಯಾಮೆರಾನೂ ಗಂಟು ಕಟ್ಟಿ ಹೊಳೆಗೆ ಹಾಕ್ತೀನಿ."

"ಗೊತ್ತಾಗಲ್ಲ ಅಕ್ಕ. ನಾನು ಈ ಕೆಲಸದಲ್ಲಿ ಕೂದಲು ಉದುರಿಸ್ಕೊಂಡಿದ್ದೀನಿ," ಎಂದು ಅವನು ಮಾತು ಕೊಟ್ಟ.

ಮಾತಿಗೆ ತಕ್ಕ ಹಾಗೆ ಮೂವತ್ತು ದಿನ ನಡೆದುಕೊಂಡ ಕೂಡ. ಕೆಸರು ಬಣ್ಣದ ಬಟ್ಟೆಯ ಮರೆ ಕಟ್ಟಿ, ನೀರಿನ ಮಟ್ಟಕ್ಕೆ ಕ್ಯಾಮೆರಾ ಇಟ್ಟು, ಮಣ್ಣಿನ ದಡ ಬಿಟ್ಟರೆ ಹಿಂದೆ ಏನೂ ಕಾಣದ ಹಾಗೆ ಕೋನ ಹಿಡಿದಿದ್ದ. ಮೂವತ್ತೊಂದನೆಯ ಬೆಳಿಗ್ಗೆ ತಾಯಿ ಮರಿಯನ್ನು ಕಚ್ಚಿಕೊಂಡು ಬಯಲು ನೀರಿಗೆ ಬಂದುಬಿಟ್ಟಿತು. ಅವನು ಕ್ಯಾಮೆರಾ ತಿರುಗಿಸಿದ. ಮಂಜು ಸರಿಯಿತು, ಸೇತುವೆ ಬಂತು. ಎರಡನೆಯ ಸೆಕೆಂಡಿಗೇ ಅವನಿಗೆ ಗೊತ್ತಾಗಿತ್ತು, ಇದು ಆಗದು ಎಂದು. ಕೈ ಸ್ವಲ್ಪ ಕೆಳಗೆ ಬಾಗಿಸಿದ್ದರೆ ಸಾಕಿತ್ತು. ಬಾಗಿಸಲಿಲ್ಲ. ಇಷ್ಟು ಚಂದದ್ದು ಮತ್ತೆ ಕಣ್ಣಿಗೆ ಬೀಳುತ್ತದೋ ಇಲ್ಲವೋ, ನನಗೋಸ್ಕರ ಇಟ್ಟುಕೊಳ್ಳುತ್ತೇನೆ, ಚಿತ್ರಕ್ಕೆ ಕೊಡುವುದಿಲ್ಲ ಎಂದುಕೊಂಡ.

ಅವರ ಕೆಲಸದಲ್ಲಿ ಒಂದು ಕ್ರಮವಿದೆ. ತೆಗೆದ ಚಿತ್ರದ ಜೊತೆಗೆ ಷಾಟ್‌ಗಳ ಪಟ್ಟಿಯೊಂದನ್ನು ಕಳಿಸಬೇಕು. ಅದರ ಕೊನೆಯ ಅಂಕಣ ಷರಾ. ಯಾವುದನ್ನು ಬಳಸಬಾರದೋ ಅದರ ಮುಂದೆ ಅಲ್ಲಿ 'ಬಳಸಕೂಡದು' ಎಂದು ಬರೆದರೆ ಯಾವ ನಿರ್ದೇಶಕನೂ ಅದನ್ನು ಮುಟ್ಟುವುದಿಲ್ಲ. ಬಕರಾಯ ಆವತ್ತು ಸಂಜೆ ಪೆನ್ನು ಹಿಡಿದು ಕೂತ. ನೂರಾ ನಲವತ್ತು ಷಾಟ್‌ಗಳ ಪಟ್ಟಿಯನ್ನು ಅಚ್ಚುಕಟ್ಟಾಗಿ ಬರೆದ. ಆ ಒಂದರ ಮುಂದೆ ಷರಾ ಬರೆಯಲಿಲ್ಲ. ಬರೆಯಲು ಮರೆತೆ ಎಂದು ಆಮೇಲೆ ತನಗೆ ತಾನೇ ಎಷ್ಟೋ ಸಲ ಹೇಳಿಕೊಂಡ. ಮರೆತಿರಲಿಲ್ಲ. ಎಡಿಟಿಂಗ್‌ನವರ ಕಣ್ಣಿಗೆ ಬಿದ್ದರೆ ಬೀಳಲಿ, ಅವರೇ ಹಾಕಿಕೊಂಡರೆ ನಾನೇನು ಮಾಡಲಿ ಎಂಬ ಜಾಣಕುರುಡು ಅದು. ಬಿತ್ತು, ಹಾಕಿಕೊಂಡರು.

ಚಿತ್ರ ಟೀವಿಯಲ್ಲಿ ಬಂದ ಎರಡೇ ವಾರಕ್ಕೆ ಜನ ಬರತೊಡಗಿದರು. ವಾಲಿದ ಕಂಬದ ಸೇತುವೆಯನ್ನು ಹುಡುಕುವುದು ಏನು ಮಹಾ ಕೆಲಸ! ಕೆಟ್ಟವರಲ್ಲ, ಚಿತ್ರ ನೋಡಿ ಮನಸ್ಸು ಕರಗಿದವರೇ. ಹೆಂಡತಿ ಮಕ್ಕಳನ್ನು ಕರೆದುಕೊಂಡು, ಕುತ್ತಿಗೆಗೆ ಕ್ಯಾಮೆರಾ ನೇತುಹಾಕಿಕೊಂಡು, ಅಯ್ಯೋ ಎಷ್ಟು ಮುದ್ದು ಎನ್ನುತ್ತಾ ಬಂದರು. ಎರಡೂ ದಡದಲ್ಲಿ ಸಾಲಾಗಿ ನಿಂತರು. ತಾಯಿ ಹೆದರಿ ಆ ವರ್ಷದ ಮರಿಗಳನ್ನು ಒಂದೊಂದಾಗಿ ಬೇರೆ ಕಡೆಗೆ ಸಾಗಿಸಿತು. ಎರಡು ಮರಿ ದಾಟಿದವು. ಮೂರನೆಯದಕ್ಕೆ ವಾಪಸು ಬರಲು ಅದಕ್ಕೆ ದಾರಿಯೇ ಸಿಗಲಿಲ್ಲ, ಬಿಲದ ಬಾಯಲ್ಲೇ ಜನ ನಿಂತಿದ್ದರು. ಎರಡು ದಿನ ಆದಮೇಲೆ ಆ ಮರಿ ದೋಣಿ ಅಕ್ಕನ ಕೈಗೆ ತಣ್ಣಗಾಗಿ ಸಿಕ್ಕಿತು. ಆಮೇಲೆ ಆ ತಿರುವಿನಲ್ಲಿ ನೀರುನಾಯಿ ಕಂಡದ್ದಿಲ್ಲ.

ಬಂದವರಲ್ಲಿ ಮೊದಲಿನವರು ಇಳಿದದ್ದು ತಮ್ಮನ ವ್ಯಾನಿನಿಂದ. ಅಕ್ಕನಿಗೆ ಅಷ್ಟು ಸಾಕಾಯಿತು. ತಮ್ಮ ಆಣೆ ಹಾಕಿದ, ಅತ್ತ, ಅವರೇ ಸೇತುವೆಯ ಗುರುತು ಹೇಳಿಕೊಂಡು ಹತ್ತಿದರು, ಸಿನಿಮಾದಲ್ಲೇ ಕಂಡಿತಂತೆ ಎಂದ. ಅಕ್ಕ ಆ ಚಿತ್ರ ನೋಡಿರಲಿಲ್ಲ. ದಿನಾ ಕಣ್ಣೆದುರಿಗೆ ಇರೋದನ್ನ ಡಬ್ಬದಲ್ಲಿ ಬೇರೆ ಯಾಕೆ ನೋಡಲಿ ಎನ್ನುವ ಜಾತಿ ಅವಳದು. ಬಕರಾಯನಿಗೆ ಫೋನ್ ಮಾಡಿದಳು.

"ತಮ್ಮಾ, ನಮ್ಮವನು ನಿನ್ನ ಸಿನಿಮಾದಲ್ಲಿ ಸೇತುವೆ ಕಾಣುತ್ತೆ ಅಂತಾನೆ. ಹೌದೇನೋ? ಹೌದು ಅಂದ್ರೆ ಹೌದು ಅನ್ನು."

ಪ್ರಶಸ್ತಿಯ ಪಟ್ಟಿಯಲ್ಲಿ ಅವನ ಹೆಸರು ಬಂದು ಆಗ ಮೂರು ದಿನವಾಗಿತ್ತು.

"ಇಲ್ಲ ಅಕ್ಕ," ಎಂದ ಬಕರಾಯ. "ನಾನು ದಿಗಂತ ತೋರಿಸೋದೇ ಇಲ್ಲವಲ್ಲ."

"ಹಾಗಾದ್ರೆ ಇವನೇ," ಎಂದು ಅಕ್ಕ ಫೋನ್ ಇಟ್ಟಳು.

ಅಲ್ಲಿಂದ ಮುಂದೆ ಹನ್ನೊಂದು ವರ್ಷ ಅವಳು ತಮ್ಮನ ಮುಖ ನೋಡಲಿಲ್ಲ. ವರ್ಷಕ್ಕೊಮ್ಮೆ ಬಕರಾಯನಿಗೆ ಮಾತ್ರ ಫೋನ್ ಮಾಡಿ ಯೋಗಕ್ಷೇಮ ಕೇಳುವಳು, ಹಾಗೇ ತಮ್ಮನನ್ನು ಬೈದು ಹೊಟ್ಟೆಯ ಉರಿ ತೀರಿಸಿಕೊಳ್ಳುವಳು. "ಮಗಳ ಮದುವೆಗೆ ಕರೆಯೋಕೆ ಬಂದಿದ್ದ. ಬಾಗಿಲು ತೆಗೀಲಿಲ್ಲ ನಾನು," ಎಂದು ಒಂದು ವರ್ಷ ಹೇಳಿದಳು. ಬಕರಾಯ ಈ ಕಡೆಯಿಂದ ಹೂಂಗುಟ್ಟಿದ. ಎಂಥ ಹೂಂ ಅದು! ಯೋಚಿಸಿದರೆ ಇವತ್ತಿಗೂ ಅವನಿಗೆ ನಾಲಿಗೆ ಕಿತ್ತುಕೊಳ್ಳಬೇಕು ಅನ್ನಿಸುತ್ತದೆ. ಪ್ರತಿ ಸಲವೂ ಈ ಬಾರಿ ಹೇಳಿಬಿಡುತ್ತೇನೆ ಎಂದುಕೊಳ್ಳುವನು, ಪ್ರತಿ ಸಲವೂ ಅದಕ್ಕೊಂದು ನೆವ ಸಿಗುವುದು. ಕಾಯುವುದೊಂದು ಬಿಟ್ಟರೆ ಅವನಿಗೆ ಬೇರೆ ವಿದ್ಯೆ ಬರುತ್ತಿರಲಿಲ್ಲ ನೋಡಿ.

ಎಡಿಟಿಂಗ್ ಕೋಣೆಯಿಂದ ಮನೆಗೆ ಬಂದವನು ಶೂ ಬಿಚ್ಚದೆ ಕುರ್ಚಿಯಲ್ಲಿ ಕೂತ. ಹೆಂಡತಿ ಒಗೆದ ಬಟ್ಟೆ ಮಡಿಸುತ್ತಿದ್ದಳು.

"ಏನಾಯ್ತು, ಸನ್ಮಾನ ಬೇಡ ಅಂದ್ರಾ?"

ಅವನು ಎಲ್ಲ ಹೇಳಿದ. ಅವಳಿಗೆ ಆಶ್ಚರ್ಯವೇನೂ ಆದಂತೆ ಕಾಣಲಿಲ್ಲ.

"ಆವತ್ತು ಫೋನ್ ಇಟ್ಟಮೇಲೆ ನೀವು ಊಟ ಮಾಡಲಿಲ್ಲ," ಎಂದಳು. "ಯಾಕೆ ಅಂದ್ರೆ ಹೊಟ್ಟೆ ಸರಿ ಇಲ್ಲ ಅಂದ್ರಿ. ಹನ್ನೊಂದು ವರ್ಷದಿಂದ ಸರಿ ಇಲ್ಲ ನಿಮ್ಮ ಹೊಟ್ಟೆ. ಮೊದಲು ಹೋಗಿ ಹೇಳಿ ಬನ್ನಿ. ಆಮೇಲೆ ಬೇಕಾದ್ರೆ ಶಾಲು ಹೊದಿಸಿಕೊಳ್ಳಿ."

"ಅಕ್ಕ ನನ್ನ ಮುಖಕ್ಕೆ ಉಗೀತಾಳೆ ಕಣೇ."

"ಉಗಿಸಿಕೊಂಡು ಬನ್ನಿ. ಒರೆಸಿಕೊಳ್ಳೋಕೆ ಟವಲ್ ಇಟ್ಟುಕೊಡ್ತೀನಿ."

ಮರುದಿನ ಮುಂಜಾನೆಯ ರೈಲು ಹಿಡಿದ. ಲ್ಯಾಪ್‌ಟಾಪಿನಲ್ಲಿ ಆ ಷಾಟನ್ನು ಹಾಕಿಸಿಕೊಂಡಿದ್ದ. ಸ್ಟೇಷನ್ನಿನ ಹೊರಗೆ ಯಾರದೋ ಬೇರೆ ವ್ಯಾನು ನಿಂತಿತ್ತು. ಕಡವಿಗೆ ಬಂದಾಗ ದೋಣಿ ಅಕ್ಕ ಟಿಕೆಟ್ ಕೊಡುವ ಪುಟ್ಟ ಕೋಣೆಯ ಮುಂದೆ ಕೂತು ಹಗ್ಗದ ತುದಿಗೆ ಗಂಟು ಹಾಕುತ್ತಿದ್ದಳು. ಮುದುಕಿಯಾಗಿದ್ದಳು. ಅವನನ್ನು ನೋಡಿದ್ದೇ ಮುಖ ಇಷ್ಟಗಲವಾಯಿತು.

"ಅಯ್ಯೋ, ನನ್ನ ಕ್ಯಾಮೆರಾ ತಮ್ಮ! ಫೋನಲ್ಲಿ ದನಿ ಕೇಳಿದ್ದು ಬಿಟ್ರೆ ನಿನ್ನ ಮುಖ ನೋಡಿ ಎಷ್ಟು ವರ್ಷ ಆಯ್ತೋ. ಬಾ, ಕೂತ್ಕೋ. ಏನೋ ಇದು, ತಲೆ ಪೂರ್ತಿ ಬೋಳಾಗಿದೆ."

ಅವನು ಕೂರಲಿಲ್ಲ. ಕೂತರೆ ಟೀ ಬರುತ್ತದೆ, ಟೀ ಬಂದರೆ ಧೈರ್ಯ ಹೋಗುತ್ತದೆ ಎಂದು ಅವನಿಗೆ ತನ್ನ ವಿಷಯ ಚೆನ್ನಾಗಿ ಗೊತ್ತಿತ್ತು. ನಿಂತುಕೊಂಡೇ ಹೇಳಿದ. "ಅಕ್ಕ, ಸೇತುವೆ ನನ್ನ ಸಿನಿಮಾದಲ್ಲಿ ಕಾಣುತ್ತೆ. ಆವತ್ತು ನೀವು ಕೇಳಿದಾಗ ನಾನು ಸುಳ್ಳು ಹೇಳಿದೆ. ನಿಮ್ಮ ತಮ್ಮಂದು ಏನೂ ತಪ್ಪಿಲ್ಲ."

ಅಕ್ಕನ ಕೈಯಲ್ಲಿದ್ದ ಹಗ್ಗ ಹಾಗೇ ನಿಂತಿತು. "ತೋರಿಸು," ಎಂದಳು.

ತೋರಿಸಿದ. ಅವಳು ಒಂದು ಸಲ ನೋಡಿದಳು, ಇನ್ನೊಂದು ಸಲ ಹಾಕು ಎಂದಳು. ಅವನು ಬೈಗುಳಕ್ಕೆ ಕಾದ. ಹೊಳೆಗೆ ನೂಕುತ್ತಾಳೆ ಎಂದೂ ಕಾದ, ನೂಕಿದ್ದರೆ ಅವನಿಗೆ ಎಷ್ಟೋ ಹಗುರವಾಗುತ್ತಿತ್ತು. ಅವಳು ಎದ್ದು ದೋಣಿಯನ್ನು ಗೂಟಕ್ಕೆ ಕಟ್ಟಿದಳು, ಕೋಣೆಗೆ ಬೀಗ ಹಾಕಿದಳು. ದಡದಲ್ಲಿ ಕಾಯುತ್ತಿದ್ದ ಇಬ್ಬರಿಗೆ, "ಇವತ್ತು ದೋಣಿ ಇಲ್ಲ, ಸುತ್ತಿ ಹೋಗಿ," ಎಂದಳು. ಆಮೇಲೆ ಅವನ ಕಡೆ ತಿರುಗಿ, "ನಡಿ, ಇದನ್ನ ಅವನ ಮುಂದೆ ಹೇಳು," ಎಂದಳು.

ತಮ್ಮನ ಮನೆ ಅಲ್ಲಿಂದ ಕಾಲು ಗಂಟೆಯ ದಾರಿ. ಅಷ್ಟು ಹತ್ತಿರ. ಅವಳು ಮುಂದೆ, ಅವನು ಹಿಂದೆ. ದಾರಿಯಲ್ಲಿ ಒಮ್ಮೆ ನಿಂತಳು. "ಬಾಯಿಬಡುಕ ಅಂತ ಅವನ ಮೇಲೆ ಮೊದಲಿಂದ ಒಂದು ಸಸಾರ ಇತ್ತು ನನಗೆ. ನಿನ್ನ ಮಾತು ತಟ್ಟನೆ ನಂಬಿದೆ. ನೀನು ಓದಿದವನು," ಎಂದಳು. ಬಕರಾಯನಿಗೆ ಕೆನ್ನೆಗೆ ಹೊಡೆದ ಹಾಗಾಯಿತು. ಅವಳು ಮತ್ತೆ ನಡೆದಳು.

ಬಾಗಿಲು ತೆಗೆದವಳು ತಮ್ಮನ ಹೆಂಡತಿ. ಅತ್ತಿಗೆಯನ್ನು ಕಂಡು ಪಕ್ಕಕ್ಕೆ ಸರಿದು ನಿಂತಳು. ಒಳಗೆ ನಡುಮನೆಯಲ್ಲಿ ತಮ್ಮ ನೆಲದ ಮೇಲೆ ಕೂತು ಕೆಟ್ಟ ಫ್ಯಾನೊಂದನ್ನು ಬಿಚ್ಚಿ ಇಟ್ಟುಕೊಂಡಿದ್ದ. ಒಣಗಿ ಕಡ್ಡಿಯಾಗಿದ್ದ. ಅಕ್ಕನನ್ನು ನೋಡಿ ಎದ್ದು ನಿಲ್ಲಲು ಹೋಗಿ, ಕೈಯಲ್ಲಿದ್ದ ಸ್ಕ್ರೂಗಳನ್ನೆಲ್ಲ ಚೆಲ್ಲಿದ.

"ಈಗ ಮಾತು ಕಡಿಮೆ ಇವರದು," ಎಂದು ಹೆಂಡತಿ ಬಕರಾಯನಿಗೆ ಮೆಲ್ಲಗೆ ಹೇಳಿದಳು. "ವ್ಯಾನ್ ಮಾರೋವರೆಗೂ ಡ್ರೈವರ್ ಹತ್ತಿರ ಮಾತಾಡಬೇಡಿ ಅಂತ ಬೋರ್ಡ್ ಹಾಕ್ಕೊಂಡಿದ್ರು. ಮನೆಯಲ್ಲೂ ಹಾಗೇ ಇದ್ದಾರೆ."

ಅಕ್ಕ ಬಾಗಿಲಲ್ಲೇ ಕಂಬದ ಹಾಗೆ ನಿಂತಿದ್ದಳು. ಬಕರಾಯ ಮುಂದೆ ಹೋಗಿ ತಮ್ಮನ ಎದುರು ನೆಲದ ಮೇಲೆ ಕೂತ. ಹೇಳಬೇಕಾದದ್ದನ್ನು ಒಂದನ್ನೂ ಬಿಡದೆ ಹೇಳಿದ. ಕೈ ಬಾಗಿಸದೆ ಇದ್ದದ್ದು, ಷರಾ ಬರೆಯದೆ ಇದ್ದದ್ದು, ಫೋನಿನಲ್ಲಿ ಇಲ್ಲ ಎಂದದ್ದು. ಲ್ಯಾಪ್‌ಟಾಪು ತೆರೆದು ತೋರಿಸಿದ. ತಮ್ಮ ಕನ್ನಡಕ ಹಾಕಿಕೊಂಡು ಗಮನ ಕೊಟ್ಟು ನೋಡಿದ.

"ಎಷ್ಟು ಚೆನ್ನಾಗಿ ತೆಗೆದಿದ್ದೀರಿ ಸಾರ್," ಎಂದ. "ಅದೇ ತಾಯಿ. ಕಿವಿ ಹರಿದಿದೆ ನೋಡಿ."

"ಸೇತುವೆ ನೋಡಿ. ಜನ ಬಂದದ್ದು ಇದನ್ನ ನೋಡಿ. ನಿಮ್ಮಿಂದ ಅಲ್ಲ."

ತಮ್ಮ ತಲೆ ಅಲ್ಲಾಡಿಸಿದ. "ಇಲ್ಲ ಸಾರ್. ನಾನೇ ಹೇಳಿದ್ದು."

"ನೀವು ಹೇಳಿಲ್ಲ!"

"ಹೇಳಿದ್ದೀನಿ ಸಾರ್. ಮೊದಮೊದಲು ನಾನೂ ಇಲ್ಲ ಇಲ್ಲ ಅಂತಲೇ ಇದ್ದೆ. ಆಮೇಲೆ ಕೂತು ಯೋಚನೆ ಮಾಡಿದೆ. ನಮ್ಮ ಅಕ್ಕ ಸುಮ್ಮಸುಮ್ಮನೆ ಒಬ್ಬರ ಮೇಲೆ ತಪ್ಪು ಹೊರಿಸೋಳಲ್ಲ. ಅವಳು ನನ್ನ ಎತ್ತಿ ಆಡಿಸಿದವಳು. ಹಾಗಾದ್ರೆ ಯಾವತ್ತೋ ಹೇಳಿರಬೇಕಲ್ಲ? ಒಬ್ಬೊಬ್ಬ ಪ್ಯಾಸೆಂಜರನ್ನೂ ನೆನಪು ಮಾಡ್ಕೊಂಡೆ. ಒಂದಿನ ಮುಂದಿನ ಸೀಟಲ್ಲಿ ಒಬ್ಬ ನೀಲಿ ಟೋಪಿಯವನು ಕೂತಿದ್ದ, ತುಂಬಾ ನಗಿಸ್ತಿದ್ದ. ಅವನ ಹತ್ತಿರ ಬಾಯಿಬಿಟ್ಟಿದ್ದೀನಿ. ಈಗ ನನಗೆ ಚೆನ್ನಾಗಿ ನೆನಪಿದೆ." ಅವನು ಅಕ್ಕನ ಕಡೆ ನೋಡಿದ. "ತಪ್ಪಾಯ್ತಕ್ಕ. ಆವತ್ತೇ ಒಪ್ಪಿಕೊಳ್ಳಬೇಕಿತ್ತು ನಾನು. ಸುಳ್ಳು ಆಣೆ ಹಾಕಿಬಿಟ್ಟೆ. ನನ್ನ ತಪ್ಪನ್ನ ಹೊಟ್ಟೆಗೆ ಹಾಕ್ಕೋ."

ದೋಣಿ ಅಕ್ಕ ಅಲ್ಲೇ ಹೊಸ್ತಿಲ ಮೇಲೆ ಕುಸಿದು ಕೂತಳು. ಹೊಳೆಯ ಪ್ರವಾಹದಲ್ಲೂ ಹೆದರದ ಹೆಂಗಸು, ಬಾಯಿಗೆ ಸೆರಗು ಒತ್ತಿಕೊಂಡು ಅತ್ತಳು. "ಇಲ್ಲ ಕಣೋ, ನೀನು ಹೇಳಿಲ್ಲ ಕಣೋ," ಎಂದು ಅಷ್ಟನ್ನೇ ಮತ್ತೆ ಮತ್ತೆ ಅಂದಳು. ತಮ್ಮ ಅವಳ ಪಕ್ಕ ಬಂದು ಕೂತು, ಹೇಳಿದ್ದೀನಿ ಅಕ್ಕ, ಅಳಬೇಡ, ಹೇಳಿದ್ದೀನಿ, ಎಂದು ಸಮಾಧಾನ ಮಾಡಿದ.

ಬಕರಾಯನಿಗೆ ಏನು ಮಾಡಬೇಕೆಂದು ತೋಚಲಿಲ್ಲ. ನೆಲದ ಮೇಲೆ ಚೆಲ್ಲಿದ್ದ ಸ್ಕ್ರೂಗಳನ್ನು ಆರಿಸತೊಡಗಿದ. ಕೊನೆಗೆ ಅಕ್ಕ ಮುಖ ಒರೆಸಿಕೊಂಡು ತಲೆ ಎತ್ತಿ ಅವನನ್ನು ನೋಡಿದಳು. ಆ ನೋಟದಲ್ಲಿ ಸಿಟ್ಟೂ ಇರಲಿಲ್ಲ.

"ನೀನು ಹೊರಡು," ಎಂದಳು. "ನೀನು ಹೇಳೋದು ಹೇಳಿಯಾಯ್ತು. ಇವನು ಹೇಳಿಲ್ಲ ಅಂತ ಇವನಿಗೇ ನಂಬಿಸೋಕೆ ನನಗೆ ಇನ್ನೆಷ್ಟು ವರ್ಷ ಬೇಕೋ. ನಮಗಿರೋದು ಎಷ್ಟು ವರ್ಷವೋ."

ಅವನು ಎದ್ದ. ತಮ್ಮ ಬೇಡವೆಂದರೂ ಕೇಳದೆ ಗೇಟಿನವರೆಗೆ ಜೊತೆಗೆ ಬಂದ. ಹೊರಗೆ ರಸ್ತೆಯಲ್ಲಿ ಮಕ್ಕಳು ಶಾಲೆ ಬಿಟ್ಟು ಬರುತ್ತಿದ್ದರು. ತಮ್ಮ ಸುತ್ತಮುತ್ತ ನೋಡಿ, ಅಕ್ಕನಿಗೆ ಕೇಳಿಸದ ಹಾಗೆ ದನಿ ತಗ್ಗಿಸಿದ.

"ಸಾರ್, ನೀವು ಯಾಕೆ ಹೀಗೆ ಮಾಡಿದ್ರಿ ಅಂತ ನನಗೆ ಗೊತ್ತಾಯ್ತು. ನಮ್ಮಿಬ್ಬರನ್ನ ಒಂದು ಮಾಡೋಕೆ ತಪ್ಪನ್ನ ನಿಮ್ಮ ತಲೆ ಮೇಲೆ ಹಾಕ್ಕೊಂಡ್ರಿ. ಎಷ್ಟು ದೊಡ್ಡ ಮನಸ್ಸು ಸಾರ್ ನಿಮ್ಮದು. ನಮ್ಮ ಅಕ್ಕ ನನ್ನ ಮನೆಗೆ ಬಂದ್ಲು. ನಿಮ್ಮ ಉಪಕಾರ ಸಾಯೋವರೆಗೂ ಮರೆಯಲ್ಲ."

ಹಾಗೆಂದು ಬಕರಾಯನ ಎರಡೂ ಕೈಗಳನ್ನು ಹಿಡಿದು ಕಣ್ಣಿಗೆ ಒತ್ತಿಕೊಂಡ. ಬಕರಾಯ ಇಲ್ಲ, ಇಲ್ಲ ಎಂದ. ತಮ್ಮ ನಗುತ್ತಾ ತಲೆಯಾಡಿಸಿದ, ಕೈ ಬಿಡಲಿಲ್ಲ.